ಲಾರ್ಡ್ ಕ್ವೆಂಬಿಯ ಟೋಪಿ ಪೆಟ್ಟಿಗೆ

ನಮ್ಮ ಧಣಿ ಲಾರ್ಡ್ ಕ್ವೆಂಬಿ ಹುಟ್ಟಿನಿಂದ ಸಾಹುಕಾರ, ಅಪ್ಪನ ಶಿಫಾರಸಿನಿಂದ ಕರ್ನಲ್, ಸ್ವಂತ ಹಟದಿಂದ ನಾಟಕಕಾರ. ಮೊದಲಿನ ಎರಡನ್ನು ಲಂಡನ್ನಿನ ಜನ ಹೇಗೋ ಸಹಿಸಿಕೊಂಡಿದ್ದರು. ನಾನು ಈನಕ್, ದಂಡಿನಲ್ಲಿ ಅವರ ಬೂಟು ತಿಕ್ಕುತ್ತಿದ್ದವನು. ಯುದ್ಧ ಮುಗಿದು ಹನ್ನೆರಡು ವರ್ಷವಾದರೂ ಅದನ್ನೇ ತಿಕ್ಕುತ್ತಿದ್ದೆ.

ಅವರ ಐದನೆಯ ನಾಟಕ ಅವರ ಶೌರ್ಯದ ಬಗ್ಗೆಯೇ. ಆಫ್ರಿಕಾದ ಯುದ್ಧದಲ್ಲಿ ಗಾಯಗೊಂಡ ಸೇವಕನನ್ನು ಕರ್ನಲ್ ಬೆನ್ನ ಮೇಲೆ ಹೊತ್ತು ತರುತ್ತಾರೆ. ಕರ್ನಲ್ ಪಾತ್ರ ಅವರದೇ, ಸೇವಕನ ಪಾತ್ರ ನನ್ನದು. ಮೂರು ಅಂಕವೂ ನಾನು ನರಳಬೇಕು, ಕೊನೆಗೆ ಒಂದೇ ಒಂದು ಮಾತು: "ಧಣೀ, ನೀವಿಲ್ಲದಿದ್ದರೆ ನಾನು ಅಲ್ಲೇ ಸಾಯುತ್ತಿದ್ದೆ."

ನಡೆದದ್ದೇ ಬೇರೆ. ಹೇಸರಗತ್ತೆ ನೋಡಿಕೊಳ್ಳುತ್ತಿದ್ದ ಜೆಮ್ ಪೊಲಾರ್ಡ್ ಮೊದಲು ನನ್ನನ್ನು ಹೊತ್ತು ತಂದ. ಆಮೇಲೆ ಬಂಡಿಯ ಕೆಳಗೆ ಅವಿತಿದ್ದ ಧಣಿಯನ್ನು ತಂದ. ಅವರಿಗೆ ಒಂದು ಗೀರೂ ಆಗಿರಲಿಲ್ಲ, ಕಾಲು ಮಾತ್ರ ನಡುಗಿ ನಿಲ್ಲುತ್ತಿರಲಿಲ್ಲ. ಬೆನ್ನಿನಿಂದ ಇಳಿದವರೇ "ಅಯ್ಯೋ, ನನ್ನ ಟೋಪಿ ಪೆಟ್ಟಿಗೆ!" ಎಂದು ಕೂಗಿಕೊಂಡರು. ಜೆಮ್ ಮೂರನೆಯ ಸಲ ಹೋದ, ಹಿಂದಿರುಗಲಿಲ್ಲ. ನಾಟಕದಲ್ಲಿ ಅವನೂ ಇಲ್ಲ, ಪೆಟ್ಟಿಗೆಯೂ ಇಲ್ಲ.

ಜೆಮ್‌ನ ಹೆಂಡತಿ ನೆಲ್ ನಾವು ನಾಟಕವಾಡಲಿದ್ದ ರಂಗಮಂದಿರದಲ್ಲೇ ನಟರ ಬಟ್ಟೆ ಇಸ್ತ್ರಿ ಮಾಡುತ್ತಿದ್ದಳು. ಗಂಡ ಹೇಗೆ ಸತ್ತನೆಂದು ನಾನು ಹೇಳಿದ್ದಷ್ಟೇ ಅವಳಿಗೆ ಗೊತ್ತು. ಧಣಿಯಿಂದ ಒಂದು ಕಾಗದವೂ ಬಂದಿರಲಿಲ್ಲ.

"ಈನಕ್, ಆ ಸುಳ್ಳನ್ನ ಯಾವ ಬಾಯಲ್ಲಿ ಹೇಳ್ತೀಯಪ್ಪಾ?" ಎಂದಳು ಒಂದು ದಿನ.

"ಹೇಳ್ದಿದ್ರೆ ಕೆಲಸ ಹೋಗುತ್ತೆ ಕಣೆ. ಈ ವಯಸ್ಸಲ್ಲಿ ಇನ್ಯಾರ ಬೂಟು ತಿಕ್ಕಲಿ?"

"ತಿಕ್ಕು, ತಿಕ್ಕು. ನಂಗೇನೂ ಬೇಡ. ನನ್ನ ಗಂಡನ ಹೆಸರನ್ನ, ಪೂರ್ತಿ ಹೆಸರನ್ನ, ಆ ಮನುಷ್ಯ ಒಂದ್ಸಲ ತನ್ನ ಕೈಯಾರೆ ಬರೀಬೇಕು. ಅಷ್ಟೇ."

ನಮ್ಮ ನಾಟಕದವರಲ್ಲಿ ಒಂದು ಪದ್ಧತಿಯಿದೆ. ಕೊನೆಯ ಮಾತನ್ನು ತಾಲೀಮಿನಲ್ಲಿ ಆಡಬಾರದು, ಆಡಿದರೆ ನಾಟಕ ಮಕಾಡೆ ಮಲಗುತ್ತದೆ. ಹಾಗಾಗಿ ಆರು ವಾರವೂ ಆ ಜಾಗ ಬಂದಾಗ ನಾನು "ಟಂಟಣ ಟಂಟಣ" ಎನ್ನುತ್ತಿದ್ದೆ. ಧಣಿಗೆ ಅದನ್ನು ಕೇಳಿಯೇ ಕಣ್ಣೀರು ಬರುತ್ತಿತ್ತು. ನನಗೂ ಆ ಪದ್ಧತಿಯಿಂದ ಉಪಕಾರವಾಗಿತ್ತು, ಆ ಸುಳ್ಳನ್ನು ಇನ್ನೂ ಒಮ್ಮೆಯೂ ಆಡಿರಲಿಲ್ಲ.

ಮೊದಲ ಪ್ರದರ್ಶನದ ದಿನ ಧಣಿ ನನ್ನನ್ನು ಹೊತ್ತು ನಾಲ್ಕು ಹೆಜ್ಜೆ ಇಡುವಷ್ಟರಲ್ಲಿ "ಎಷ್ಟು ತಿಂತೀಯೋ ಹಂದಿ!" ಎಂದು ಹಲ್ಲು ಕಚ್ಚಿ ಬೈದರು. ನನ್ನನ್ನು ನೆಲಕ್ಕೆ ಕೆಡವಿ ಎದೆಯುಬ್ಬಿಸಿ ನಿಂತರು. ಪಕ್ಕದಲ್ಲಿ, ಸಭೆಗೆ ಕಾಣದಂತೆ, ನೆಲ್ ನಿಂತಿದ್ದಳು. ನನ್ನ ಮಾತಿನ ಸರದಿ ಬಂತು. ಕೆಲಸ ಹಾಳಾಗಿ ಹೋಗಲಿ ಅನ್ನಿಸಿತು.

"ಧಣೀ, ನಮ್ಮಿಬ್ಬರನ್ನೂ ಹೊತ್ತು ತಂದವನು ಜೆಮ್. ನಿಮ್ಮ ಟೋಪಿ ಪೆಟ್ಟಿಗೆ ತರಲು ಹೋಗಿ ಸತ್ತ."

ಪರದೆ ಬಿತ್ತು. ಧಣಿ ನನ್ನ ಕುತ್ತಿಗೆ ಹಿಡಿದರು. ಅಷ್ಟರಲ್ಲಿ ಚಪ್ಪಾಳೆ ಶುರುವಾಯಿತು, ಹಿಂದಿನ ನಾಲ್ಕು ನಾಟಕಕ್ಕೆ ಸೇರಿಸಿದರೂ ಅಷ್ಟು ಬಿದ್ದಿರಲಿಲ್ಲ. ಪರದೆ ಮತ್ತೆ ಎದ್ದಾಗ ಅವರು ನನ್ನ ಕುತ್ತಿಗೆ ಬಿಟ್ಟು ಬಾಗಿ ಬಾಗಿ ವಂದಿಸುತ್ತಿದ್ದರು.

"ಬೇಷ್ ಕಣೋ!" ಎಂದರು ಒಳಗೆ, ನಾಟಕದ ಷರಾಯಿ ಕಳಚಿ ಎಸೆಯುತ್ತಾ. "ಕರ್ನಲ್ ತನ್ನನ್ನೇ ಗೇಲಿ ಮಾಡ್ಕೊಳ್ಳೋದು! ಎಂಥ ಧೈರ್ಯ ನಂದು! ಪತ್ರಿಕೆಯವ್ರಿಗೆ ನಾನೇ ಬರ್ದಿದ್ದು ಅಂತೀನಿ."

ಆದರೆ ನಮ್ಮ ದೇಶದಲ್ಲಿ ನಾಟಕದ ಒಂದೊಂದು ಮಾತಿಗೂ ಅರಮನೆಯ ಕಚೇರಿಯ ಒಪ್ಪಿಗೆ ಬೇಕು. ಹೊಸ ಮಾತನ್ನು ನಾಳೆಯೂ ಆಡಬೇಕಾದರೆ ಅದನ್ನು ಬರೆದು ಸಹಿ ಹಾಕಿ ಕಳಿಸಬೇಕು. ಧಣಿ ಅಲ್ಲೇ ಕೂತು ಬರೆದರು. ಅವರ ಸ್ವಂತ ಷರಾಯಿಗೆ ಇಸ್ತ್ರಿ ಹಾಕುತ್ತಿದ್ದ ನೆಲ್ ಬಗ್ಗಿ ಓದಿದಳು.

"ಜೆಮ್ ಅಂದ್ರೆ ಲಂಡನ್ ತುಂಬ ಇದ್ದಾರೆ. ಪೊಲಾರ್ಡ್ ಅಂತ ಸೇರ್ಸಿ ಧಣೀ."

"ಮಾತಿನ ಓಟ ಕೆಡುತ್ತಮ್ಮ. ಷರಾಯಿ ಕೊಡು."

"ಸೇರ್ಸಿ."

ಪತ್ರಿಕೆಯವರು ಬಾಗಿಲು ಬಡಿದರು. ಲಾರ್ಡು, ಕರ್ನಲ್ಲು, ನಾಟಕಕಾರ ಮೂವರೂ ಷರಾಯಿಯಿಲ್ಲದೆ ನಡುಗುತ್ತಿದ್ದರು. ನೆಲ್ ಇಸ್ತ್ರಿಪೆಟ್ಟಿಗೆಯನ್ನು ಷರಾಯಿಯ ಮೇಲಿಟ್ಟು ಕೈ ಕಟ್ಟಿ ನಿಂತಳು. ಸಣ್ಣಗೆ ಹೊಗೆ ಎದ್ದಿತು.

"ಬರೀತೀನಿ ಮಾರಾಯ್ತಿ! ಬರೀತೀನಿ!"

ಬರೆದರು. ಅವಳು ಕಾಗದವನ್ನು ದೀಪಕ್ಕೆ ಹಿಡಿದು "ಜೆಮ್ ಪೊಲಾರ್ಡ್" ಎಂದು ಗಟ್ಟಿಯಾಗಿ ಎರಡು ಸಲ ಓದಿದಳು. ಎರಡನೆಯ ಸಲ ಹೆಸರಿನ ಮೇಲೆ ಬೆರಳಾಡಿಸಿದಳು, ನನಗೆ ಕಣ್ಣು ತುಂಬಿ ಬಂತು. ಆಮೇಲೆ ಷರಾಯಿ ಕೊಟ್ಟಳು. ಹಿಂದುಗಡೆ ಅಂಗೈಯಗಲ ಸುಟ್ಟುಹೋಗಿತ್ತು. ಧಣಿ ಅದನ್ನು ನೋಡದೆ ತೊಟ್ಟು ಪತ್ರಿಕೆಯವರ ಮುಂದೆ ಹೊರಟರು, ನಾವಿಬ್ಬರೂ ಏನೂ ಹೇಳಲಿಲ್ಲ.