ತಿಳಿಗನ್ನಡಕ ತೆಗೆದು ನೋಡಿದ ಗಾಯ

ಲಾಂಡ್ರಿಯಲ್ಲಿ ಕೆಲಸ ಮಾಡುವವರಿಗೆ ಕೊಳೆ ನೋಡಿ ನೋಡಿ ಕಣ್ಣು ಸೋತಿರುತ್ತದೆ. ಒಗೆಯುವ ಕೋಣೆಗೆ ಎಷ್ಟು ಸಲ ಸುಣ್ಣ ಹೊಡೆದರೂ ಆವಿಗೆ ಗೋಡೆ ಬೂಸ್ಟು ಹಿಡಿಯುತ್ತದೆ. ಹಾಗಾಗಿ ಒಂದು ಲಾಂಡ್ರಿಯ ಒಡತಿ ತಿಳಿಗನ್ನಡಕ ಕೊಂಡಿದ್ದರಲ್ಲಿ ತಪ್ಪೇನಿಲ್ಲ. ಅದನ್ನು ಹಾಕಿಕೊಂಡರೆ ಬೂಸ್ಟು ಹಿಡಿದ ಗೋಡೆ ಹೊಸದಾಗಿ ಕಾಣುತ್ತದೆ. ಹಳದಿ ಬೆಳ್ಳಗಾಗುತ್ತದೆ. ಮುಖದ ಸುಕ್ಕು ಮಾಯವಾಗುತ್ತದೆ. ತಿಂಗಳೊಳಗೆ ಇಸ್ತ್ರಿ ಮಾಡುವ ಗಂಡನಿಗೂ ಒಂದು ಬಂತು, ಮಾವನಿಗೂ ಒಂದು ಬಂತು. ಈ ವಯಸ್ಸಿನಲ್ಲಿ ತನಗ್ಯಾಕೆ ಎಂದು ಮಾವ ಗೊಣಗಿದರು. ಹಾಕಿಕೊಂಡು ಕನ್ನಡಿ ನೋಡಿದ ಮೇಲೆ ಸ್ನಾನಕ್ಕೆ ಹೋಗುವಾಗಲೂ ತೆಗೆಯಲಿಲ್ಲ.

ಮಾವನಿಗೆ ಸಕ್ಕರೆ ಕಾಯಿಲೆ. ಪಾದಗಳಲ್ಲಿ ನೋವು ಅಷ್ಟಾಗಿ ತಿಳಿಯುತ್ತಿರಲಿಲ್ಲ. ಹೊಸ ಚಪ್ಪಲಿ ಕಚ್ಚಿ ಎಡಗಾಲಿನ ಹೆಬ್ಬೆರಳ ಬುಡದಲ್ಲಿ ಗಾಯವಾಯಿತು. ಆರೋಗ್ಯ ಕೇಂದ್ರದ ಸಿಸ್ಟರ್ ಔಷಧಿ ಹಚ್ಚಿ ಪಟ್ಟಿ ಕಟ್ಟಿದರು. ದಿನಾ ಬಿಚ್ಚಿ ನೋಡಬೇಕು, ಕೆಂಪಗೆ ಊದಿಕೊಂಡರೆ ಅಥವಾ ಕೀವು ಕಂಡರೆ ಅವತ್ತೇ ಬರಬೇಕು ಎಂದು ಹೇಳಿ ಕಳಿಸಿದರು.

ಸೊಸೆ ಒಂದು ದಿನವೂ ತಪ್ಪಿಸಲಿಲ್ಲ. ಬೆಳಿಗ್ಗೆ ಮೆಷಿನ್ನಿಗೆ ಬಟ್ಟೆ ಹಾಕಿ, ಕೈ ತೊಳೆದು, ಮಾವನ ಕಾಲನ್ನು ತೊಡೆಯ ಮೇಲಿಟ್ಟುಕೊಂಡು ಪಟ್ಟಿ ಬಿಚ್ಚುತ್ತಿದ್ದಳು. ಗಾಯಕ್ಕಿಂತ ಹೆಚ್ಚಾಗಿ ಪಟ್ಟಿಯನ್ನೇ ನೋಡುತ್ತಿದ್ದಳು. ಇಪ್ಪತ್ತು ವರ್ಷದಿಂದ ಬಟ್ಟೆ ನೋಡಿಯೇ ಯಾರ ಮನೆಯಲ್ಲಿ ಯಾರಿಗೆ ಏನಾಗಿದೆ ಎಂದು ಹೇಳಬಲ್ಲವಳು ಅವಳು. ಬಟ್ಟೆ ಅವಳಿಗೆ ಎಂದೂ ಮೋಸ ಮಾಡಿರಲಿಲ್ಲ. ಪಟ್ಟಿ ಬೆಳ್ಳಗಿತ್ತು. ಗಾಯ ಒಣಗುತ್ತಿದೆ ಎಂದುಕೊಂಡಳು.

ಅದೇ ವಾರ ಲಾಡ್ಜಿನ ಮ್ಯಾನೇಜರ್ ಕಲೆ ಹೋಗಿಲ್ಲವೆಂದು ಹನ್ನೆರಡು ಬೆಡ್‌ಶೀಟ್ ವಾಪಸು ಕಳಿಸಿದ. ಗಂಡ ಹೆಂಡತಿ ಬಿಡಿಸಿ ಹಿಡಿದು ನೋಡಿದರು. ಹಾಲಿನಂತಿದ್ದವು. ಮ್ಯಾನೇಜರನಿಗೆ ಮನೆಯಲ್ಲಿ ಜಗಳವಾಗಿರಬೇಕು ಎಂದು ಗಂಡ ನಕ್ಕ.

ಒಂಬತ್ತನೇ ದಿನ ಸಿಸ್ಟರ್ ಆ ಬೀದಿಗೆ ಬಂದವರು ಮಾವನನ್ನು ನೋಡಲು ಒಳಗೆ ಬಂದರು. ಪಟ್ಟಿ ಬಿಚ್ಚಿ ಬೆಳಕಿಗೆ ಹಿಡಿದರು.

"ಇದನ್ನ ಯಾವಾಗ ಕಟ್ಟಿದ್ದು?"

"ಇವತ್ತು ಬೆಳಿಗ್ಗೆ ಸಿಸ್ಟರ್. ನೋಡಿ, ಎಷ್ಟು ಬೆಳ್ಳಗಿದೆ."

"ಕನ್ನಡಕ ತೆಗೀರಿ."

"ಯಾಕೆ? ಬಟ್ಟೆ ವಿಷಯ ನಂಗೆ ಹೇಳ್ಕೊಡೋಕೆ ಬಂದ್ರಾ?"

ಸಿಸ್ಟರ್‌ಗೆ ಕೋಪ ಬರಲಿಲ್ಲ. "ನಿಮ್ಮಷ್ಟು ನಂಗೆಲ್ಲಿ ಗೊತ್ತಮ್ಮ. ಅದಕ್ಕೇ ಕೇಳ್ತಿದ್ದೀನಿ. ಬರಿಗಣ್ಣಲ್ಲಿ ಒಂದ್ಸಲ ನೋಡಿ ನೀವೇ ಹೇಳಿ."

ಅವಳು ತೆಗೆದಳು. ಪಟ್ಟಿಯ ನಡುವೆ ಹಳದಿ, ಅಂಚಿಗೆ ಕಂದು ಬಣ್ಣ. ಹೆಬ್ಬೆರಳ ಬುಡ ಕಪ್ಪಿಟ್ಟಿತ್ತು, ಕೆಂಪು ಪಾದದ ಮೇಲಕ್ಕೆ ಏರಿತ್ತು.

"ದಿನಾ ನೋಡಿದ್ದೀನಿ ಸಿಸ್ಟರ್. ಒಂದಿನಾನೂ ಬಿಟ್ಟಿಲ್ಲ."

"ಗೊತ್ತು. ನೀವು ನೋಡಿದ್ದೀರಿ. ಅದು ತೋರಿಸಿಲ್ಲ."

ಆ ಕನ್ನಡಕಕ್ಕೆ ಬೂಸ್ಟು ಯಾವುದು, ಕೀವು ಯಾವುದು ಎಂದು ತಿಳಿಯುವುದಿಲ್ಲ, ಎರಡನ್ನೂ ಒರೆಸಿ ತೋರಿಸುತ್ತದೆ ಎಂದು ಸಿಸ್ಟರ್ ವಿವರಿಸಿದರು. ವಾಸನೆ ಬ್ಲೀಚಿಂಗ್ ಪೌಡರಿನಲ್ಲಿ ಮುಳುಗಿಹೋಗಿತ್ತು. ನೋವು ಮಾವನಿಗೆ ತಿಳಿಯದು. ಮನೆಯಲ್ಲಿ ಮೂವರೂ ಕನ್ನಡಕದವರೇ ಆದ್ದರಿಂದ ಹೇಳುವವರೂ ಇರಲಿಲ್ಲ. ಇನ್ನು ತಡ ಮಾಡಿದರೆ ಬೆರಳಿರಲಿ, ಕಾಲೇ ಹೋಗಬಹುದು ಎಂದರು.

ಗಂಡ ವ್ಯಾನಿನಲ್ಲಿ ಬಟ್ಟೆಗಂಟುಗಳ ನಡುವೆ ಅಪ್ಪನನ್ನು ಮಲಗಿಸಿದ. "ಒಗೆಯೋಕೆ ಒಯ್ತಿದ್ದೀಯೋ, ಇಸ್ತ್ರಿಗೋ?" ಎಂದು ಮಾವ ಕೇಳಿದರು. ಯಾರಿಗೂ ನಗು ಬರಲಿಲ್ಲ.

ಹನ್ನೊಂದು ದಿನ ಆಸ್ಪತ್ರೆ. ಕೊಳೆತ ಭಾಗ ಕೆತ್ತಿ ತೆಗೆದರು. ಕಾಲೂ ಉಳಿಯಿತು, ಬೆರಳೂ ಉಳಿಯಿತು. ಈ ನಡುವೆ ಗಂಡ ಲಾಡ್ಜಿಗೆ ಹೋಗಿ ಮ್ಯಾನೇಜರನ ಹತ್ತಿರ ತಪ್ಪಾಯಿತು ಎಂದು ಹೇಳಿ ಬಂದ.

ಮನೆಗೆ ಬಂದು ಗಾಯ ವಾಸಿಯಾದ ಮೇಲೆ ಮಾವ ಕೋಲೂರಿಕೊಂಡು ಸೊಸೆಯೊಂದಿಗೆ ಆರೋಗ್ಯ ಕೇಂದ್ರಕ್ಕೆ ನಡೆದೇ ಹೋದರು. ಸೊಸೆ ಸಿಸ್ಟರ್ ಕೈ ಹಿಡಿದುಕೊಂಡಳು. ಮಾವನೇ ಹೇಳಿದರು:

"ನೀವು ಬರದೇ ಇದ್ದಿದ್ರೆ ಈ ಕಾಲು ಇರ್ತಿರಲಿಲ್ಲ ತಾಯಿ. ನಿಮ್ಮ ಋಣ ದೊಡ್ಡದು. ಆದ್ರೆ ಅಷ್ಟೂ ದಿನ ಇದನ್ನ ತೊಡೆ ಮೇಲೆ ಇಟ್ಕೊಂಡವಳು ಇವಳು. ತನ್ನನ್ನ ತಾನೇ ಬೈಕೊಳ್ತಾ ಕೂತಿದ್ದಾಳೆ. ಬೇಡ ಅಂತ ನೀವಾದ್ರೂ ಹೇಳಿ."

ಸಿಸ್ಟರ್ ಹೇಳಿದರು. ಆಗ ಅವಳು ಅತ್ತಳು, ಹಗುರವಾದಳು.

ಓದುತ್ತಿರುವ ಅಕ್ಕಂದಿರೇ, ಅಣ್ಣಂದಿರೇ, ನಿಮ್ಮ ಮನೆಯಲ್ಲೂ ತಿಳಿಗನ್ನಡಕ ಇರಬಹುದು. ಅದನ್ನು ಬಿಸಾಡಿ ಎಂದು ಹೇಳುವಷ್ಟು ಆರೋಗ್ಯ ಕೇಂದ್ರದವರಾದ ನಮಗೆ ತಿಳಿದಿಲ್ಲ. ದಣಿದ ಕಣ್ಣಿಗೆ ಹಿತವಾಗಿದ್ದರೆ ಇರಲಿ. ಆದರೆ ಗಾಯ, ಮಗುವಿನ ಮೈಬಣ್ಣ, ಕುಡಿಯುವ ನೀರು, ಉಳಿದ ಅಡುಗೆ ನೋಡುವಾಗ ದಯವಿಟ್ಟು ತೆಗೆದಿಡಿ. ಮನೆಯಲ್ಲಿ ಒಬ್ಬರಾದರೂ ಅದನ್ನು ಹಾಕದೆ ಇರಿ. ಈಗಲೇ, ಈ ಹಾಳೆ ಮಡಿಸುವ ಮೊದಲು, ಜೊತೆಯಲ್ಲಿರುವವರ ಮುಖವನ್ನೂ ಕೈಕಾಲನ್ನೂ ಬರಿಗಣ್ಣಿನಲ್ಲಿ ಒಮ್ಮೆ ನೋಡಿ. ಏನೂ ಇಲ್ಲದಿದ್ದರೆ ಸಂತೋಷ. ಏನಾದರೂ ಕಂಡರೆ ಇವತ್ತೇ ಕೇಂದ್ರಕ್ಕೆ ಕರೆದುಕೊಂಡು ಬನ್ನಿ. ಇಷ್ಟು ದಿನ ಯಾಕೆ ನೋಡಲಿಲ್ಲ ಎಂದು ಇಲ್ಲಿ ಯಾರೂ ಬೈಯುವುದಿಲ್ಲ.