ಡಬ್ಬದ ಸದ್ದಿಗೆ ಇಳಿದ ಹದ್ದು

ಬುದ್ಧಿ ಇಲ್ಲದವಳು ನಾನು, ಅದನ್ನು ಮೊದಲೇ ಹೇಳಿಬಿಡುತ್ತೇನೆ. ಗಾಳಿಗೆ ಗೂಡಿನಿಂದ ಬಿದ್ದ ಹದ್ದಿನ ಮರಿಯನ್ನು ನನ್ನ ಗಂಡ ಕದರಪ್ಪ ಟವಲಿನಲ್ಲಿ ಸುತ್ತಿ ತಂದಾಗ, ರೆಕ್ಕೆ ಬಲಿತ ಕೂಡಲೇ ಬಿಟ್ಟುಬಿಡಬೇಕು ಎಂದು ಮಾತು ತೆಗೆದುಕೊಂಡೇ ಒಳಗೆ ಸೇರಿಸಿದೆ. ಆಮೇಲೆ ಮೂರು ತಿಂಗಳು ಇಲಿ, ಕೋಳಿಕರುಳು ಹಾಕಿ ಸಾಕಿದವಳೂ ನಾನೇ. ಎಣ್ಣೆ ಡಬ್ಬ ಬಡಿದು ತುಂಡನ್ನು ಮೇಲಕ್ಕೆ ಎಸೆಯುತ್ತಿದ್ದೆ. ಡಣ್ ಎಂದರೆ ಸಾಕು, ಎಲ್ಲಿದ್ದರೂ ಬರುತ್ತಿತ್ತು. ಏನು ಜಂಬ ನನಗೆ!

ಸೋಮವಾರ ಬೆಟ್ಟದ ಹತ್ತಿರ ಬಿಟ್ಟು ಬಂದೆವು. ಬುಧವಾರ ಹೊಸಕೋಟೆ ಸುತ್ತಲೂ ಕಡಲೆಕಾಯಿ ಬಿತ್ತನೆ ಶುರುವಾಯಿತು. ಬೀಜ ಹೆಕ್ಕುವ ಕಾಗೆಗಳನ್ನು ಓಡಿಸಲು ಹೊಲಹೊಲದಲ್ಲೂ ಡಬ್ಬ ಬಡಿಯತೊಡಗಿದರು. ನಾನು ಹುಟ್ಟಿದಾಗಿನಿಂದ ಕೇಳಿದ ಸದ್ದು, ಮರಿಗೆ ಡಬ್ಬ ಬಡಿಯುವಾಗ ಇದು ಹೊಳೆಯಲಿಲ್ಲವಲ್ಲ!

ಹೆದರಿದಂತೆಯೇ ಆಯಿತು. ಪಕ್ಕದ ಹೊಲದ ಚಿಕ್ಕನರಸಯ್ಯ ಡಬ್ಬ ಬಡಿದದ್ದೇ ತಡ, ಹದ್ದು ಅವನ ತಲೆಯ ಮೇಲೇ ಇಳಿಯಿತು. ಅವನು ಕವಣೆಗೆ ಕಲ್ಲು ಹೂಡಿದ. ನಾನು ಎದ್ದೆನೋ ಬಿದ್ದೆನೋ ಎಂದು ಓಡಿದೆ.

“ಹೊಡೀಬ್ಯಾಡ ಕಣಪ್ಪೋ, ನಮ್ದು!”

“ಏನಕ್ಕಾ, ಕಣ್ಣಿಗೇ ಬತ್ತದಲ್ಲ! ನೀನು ಬಂದೆ, ಬುಟ್ಟೆ. ನಾಳೆ ಇನ್ನೊಬ್ಬ ಬುಟ್ಟಾನಾ?”

ಅವನು ಹೇಳಿದ್ದು ಸರಿ. ಎಷ್ಟು ಜನರ ಕೈ ಹಿಡಿಯಲಿ?

“ತಿರ್ಗ ಮನೇಲೇ ಇಟ್ಕಳನ ಕಣೇ,” ಎಂದ ಕದರಪ್ಪ.

“ಬಾಯ್ ಮುಚ್ಚು. ಅದು ಡಬ್ಬಕ್ಕೆ ಹೆದರ್ಬೇಕು, ಹೆದರಿಸ್ತೀನಿ.”

ಮಧ್ಯಾಹ್ನ ಮಡಿಲ ತುಂಬ ಕಲ್ಲು ತುಂಬಿಕೊಂಡು ನಮ್ಮ ಹೊಲದಲ್ಲಿ ಡಬ್ಬ ಬಡಿದೆ. ಬಂತು, ಖುಷಿಯಾಗಿ. ಮೊದಲ ಕಲ್ಲು ಎಸೆದೆ. ತುಂಡು ಎಂದುಕೊಂಡು ಕಾಲು ಚಾಚಿ ಹಿಡಿಯಲು ಹೋಯಿತು. ಅಯ್ಯೋ ನನ್ನ ಕೈ ಸೇದಿಹೋಗಲಿ, ಎರಡನೆಯದು ರೆಕ್ಕೆಗೇ ಬಡಿಯಿತು. ಅದು ಕಿರುಚಿತು. ಕದರಪ್ಪ ಮುಖಕ್ಕೆ ಟವಲು ಹಿಡಿದು ಕುಳಿತುಬಿಟ್ಟ. ನಾನು ಬಡಿಯುತ್ತಲೇ, ಎಸೆಯುತ್ತಲೇ, “ಹೋಗೇ, ಹಾಳಾದ್ದೇ, ಹೋಗು!” ಎಂದು ಅಳುತ್ತ ಕೂಗಿದೆ. ಅದು ಬೆಟ್ಟದ ಕಡೆ ಹೋಯಿತು.

ಮಾರನೆಯ ಬೆಳಿಗ್ಗೆ ಚಿಕ್ಕನರಸಯ್ಯ ಡಬ್ಬ ಬಡಿದಾಗ ಜೀವ ಕೈಯಲ್ಲಿ ಹಿಡಿದು ಬದುವಿನ ಮೇಲೆ ನಿಂತಿದ್ದೆ. ಮೇಲೆ ಸುತ್ತುತ್ತಿದ್ದ ಹದ್ದು ಸದ್ದಿಗೆ ಸ್ವಲ್ಪ ಕೆಳಗೆ ಬಂತು, ಇನ್ನೂ ಸ್ವಲ್ಪ ಬಂತು. ಆಗ ನನ್ನನ್ನು ಕಂಡಿತು. ಒಂದೇ ಸಲಕ್ಕೆ ತಿರುಗಿ, ಬೆಟ್ಟ ದಾಟಿ ಹೋಯಿತು. ಆಮೇಲೆ ಹೊಲಹೊಲದಲ್ಲೂ ಡಬ್ಬ ಬಡಿದರೂ ತಿರುಗಿ ಬರಲಿಲ್ಲ.

“ಬುಡಕ್ಕ, ಬದುಕ್ಕಂತು,” ಎಂದ ಚಿಕ್ಕನರಸಯ್ಯ.

ಬದುಕಿತು, ನಿಜ. ನನ್ನನ್ನು ಕಂಡು ಹೆದರಿ ಬದುಕಿತು.