ಸಂಜೆಯೊಳಗೆ ಅಳಿಸು

ಊರೆಲ್ಲ ಅವನನ್ನು ‘ಪೀಠಿಕೆ’ ಎಂದೇ ಕರೆಯುತ್ತಿತ್ತು. ಇಪ್ಪತ್ತು ವರ್ಷಗಳ ಸಾಹಿತ್ಯಸೇವೆಯಲ್ಲಿ ಅವನು ಹನ್ನೊಂದು ಪೀಠಿಕೆಗಳನ್ನು ಬರೆದಿದ್ದನು. ಅವುಗಳ ಹಿಂದೆ ಬರಬೇಕಾಗಿದ್ದ ಹನ್ನೊಂದು ಗ್ರಂಥಗಳು ಮಾತ್ರ ಇನ್ನೂ ಹುಟ್ಟಿರಲಿಲ್ಲ. ಸಾಲಾಗಿ ತಲೆಬಾಗಿಲುಗಳನ್ನು ನಿಲ್ಲಿಸಿ, ಮನೆ ಕಟ್ಟುವುದನ್ನು ಮರೆತವನ ಸ್ಥಿತಿ ಅವನದು.

ಕಡೆಗೆ ಹೆಂಡತಿಯ ಸಹನೆ ತೀರಿತು. “ನೋಡ್ರೀ, ವರ್ಷ ಮುಗಿಯೋದ್ರೊಳಗೆ ಒಂದು ಪುಸ್ತಕ ಮುಗಿಸಿ. ಇಲ್ಲಾಂದ್ರೆ ಈ ಮೇಜು ನನ್ನ ತಮ್ಮನ ಅಂಗಡಿಗೆ. ಮೇಜಿನ ಹಿಂದೆ ನೀವು.”

ತಮ್ಮನದು ಮೊಳೆ, ತಿರುಪು, ಚಿಲಕಗಳ ಅಂಗಡಿ. ಅವನು ಮರುದಿನವೇ ಟೇಪು ಹಿಡಿದು ಬಂದು ಮೇಜಿನ ಉದ್ದಗಲ ಅಳೆದನು. “ಭಾವ, ಸ್ವಲ್ಪ ಮೊಣಕೈ ಎತ್ತಿ,” ಎಂದನು.

ಕಂಗಾಲಾದ ಪೀಠಿಕೆಗೆ ಹಳೆಯ ಪುಸ್ತಕದಂಗಡಿಯಲ್ಲಿ ‘ಬರೆಯುವ ಬಗೆ’ ಎಂಬ ಕಿರುಹೊತ್ತಗೆ ದೊರೆಯಿತು. ಕರ್ತೃಗಳು ಅದೇ ಊರಿನಲ್ಲಿದ್ದ, ಮುದ್ರಣಾಲಯದಲ್ಲಿ ಕರಡು ತಿದ್ದಿ ನಿವೃತ್ತರಾದ ವೃದ್ಧರು. ಅದರಲ್ಲಿದ್ದುದು ಒಂದೇ ಸೂತ್ರ: ‘ದಿನಕ್ಕೊಂದು ಪುಟ ಬರೆ, ಸಂಜೆಯೊಳಗೆ ಅಳಿಸು.’

‘ಅಳಿ’ ಎಂಬ ಧಾತುವಿಗೂ ‘ಅಳು’ ಎಂಬ ಧಾತುವಿಗೂ ‘ಇಸು’ ಹತ್ತಿದರೆ ರೂಪವೊಂದೇ. ವೃದ್ಧರು ಒರೆಸಿಹಾಕು ಎಂದಿದ್ದರು. ಬರೆದ ಒಂದಕ್ಷರವನ್ನೂ ಒರೆಸಲು ಮನಸ್ಸು ಬಾರದ ಪೀಠಿಕೆಯು ಕಣ್ಣೀರು ಹಾಕಿಸು ಎಂದು ತಿಳಿದನು. ಯಾರಿಂದ ಎಂದು ಸೂತ್ರಕಾರರು ಹೇಳಿರಲಿಲ್ಲವಾಗಿ, ಸಿಕ್ಕವರಿಂದ ಎಂದು ತಾನೇ ಭಾಷ್ಯ ಮಾಡಿಕೊಂಡನು.

ಮೊದಲ ದಿನ ಸಿಕ್ಕವನು ಕ್ಷೌರಿಕ. ಪುಟದ ಎರಡನೆಯ ಸಾಲಿಗೇ ಅವನಿಗೆ ನಗು ತಡೆಯಲಾಗಲಿಲ್ಲ.

“ನಗಿಸ್ಬೇಡಿ ಸ್ವಾಮಿ, ಕೈಯಲ್ಲಿ ಕತ್ತಿ ಇದೆ. ಈ ಗಿರಾಕಿ ಕಿವಿ ಹೋದ್ರೆ ನಿಜವಾಗ್ಲೂ ಅಳ್ತಾರೆ.”

ಪೀಠಿಕೆಯು ಆಸೆಯಿಂದ ಕಾದನು. ಕಿವಿ ಹೋಗಲಿಲ್ಲ.

ಮನೆಗೆ ಬಂದು ಅಡುಗೆಮನೆಯ ಹೊಸ್ತಿಲಲ್ಲಿ ನಿಂತು ಅದೇ ಪುಟವನ್ನು ಓದಿದನು. ಹೆಂಡತಿಯ ಕಣ್ಣಿನಿಂದ ಧಾರಾಕಾರವಾಗಿ ನೀರು ಸುರಿಯಿತು.

“ಬಂತು! ಕಣ್ಣೀರು ಬಂತು!”

“ಈರುಳ್ಳಿ ರೀ ಇದು. ನಿಮ್ಮ ಕಥೇಲಿ ಸಾಯ್ಬೇಕಾದೋಳು ಇನ್ನೂ ಹುಟ್ಟೇ ಇಲ್ಲ, ಪೀಠಿಕೇಲೇ ಇದ್ದೀರ. ಹೀಗಾದ್ರೆ ಕೇಳೋರೇ ಮೊದ್ಲು ಸಾಯ್ತಾರೆ.”

ಮಾತು ನಾಟಿತು. ಸಂಜೆಯೊಳಗೆ ಅಳಿಸಬೇಕಾದವನಿಗೆ ಪೀಠಿಕೆ ಹಾಕಲು ಪುರುಸೊತ್ತೆಲ್ಲಿ? ಮರುದಿನದ ಪುಟ ನೇರವಾಗಿ ಹೀಗೆ ತೊಡಗಿತು: ‘ಗಂಡ ಬಾಗಿಲು ತಟ್ಟಿದ. ಒಳಗಿದ್ದವಳು ತೆಗೆಯಲಿಲ್ಲ.’

ಆಗಲೂ ಯಾರೂ ಅಳಲಿಲ್ಲ. ಆದರೆ ಮರುದಿನ ಕ್ಷೌರಿಕನೇ ಬೀದಿಗೆ ಇಳಿದು, “ತೆಗೆದ್ಳಾ?” ಎಂದು ಕೇಳಿದನು, ಒಂದು ಕೆನ್ನೆಗೆ ನೊರೆ ಬಳಿದುಕೊಂಡ ಗಿರಾಕಿಯೂ ಅವನ ಬೆನ್ನಿಗಿದ್ದನು. ಭಾವಮೈದನಂತೂ ಅಳತೆಯ ನೆವದಿಂದ ಪ್ರತಿ ಸಂಜೆ ಬರತೊಡಗಿದನು.

“ಮೇಜೇನು ದಿನಾ ಬೆಳೆಯುತ್ತೇನೋ?” ಎಂದಳು ಅಕ್ಕ.

“ಸುಮ್ನಿರಕ್ಕ. ಭಾವ, ಅವಳು ಹಾಕ್ಕೊಂಡಿರೋ ಚಿಲಕ ಯಾವ ಕಂಪನೀದು? ಇಷ್ಟು ತಟ್ಟಿದ್ರೂ ಅಲ್ಲಾಡ್ತಿಲ್ವಲ್ಲ!”

ಹೀಗೆ ಮುನ್ನೂರು ಪುಟಗಳಾದವು. ಒಂದು ಹನಿ ಕಣ್ಣೀರೂ ಹುಟ್ಟಲಿಲ್ಲ. ವಿಧಿ ತಪ್ಪಿದ ಬರಹ ಪುಸ್ತಕವೆನಿಸದೆಂಬುದು ಪೀಠಿಕೆಯ ದೃಢವಾದ ನಂಬಿಕೆ. ವರ್ಷದ ಕಡೆಯ ದಿನ ಮಧ್ಯಾಹ್ನ ಕೊನೆಯ ಪುಟವನ್ನು ಬರೆದವನೇ, ಶಾಯಿ ಆರುವ ಮೊದಲೇ ಕಟ್ಟನ್ನೆತ್ತಿಕೊಂಡು ಹಿಂದಿನ ಬೀದಿಯ ವೃದ್ಧರ ಮನೆಗೆ ಓಡಿದನು.

“ಸೋತೆ, ಗುರುಗಳೇ. ಒಂದು ದಿನಾನೂ ಅಳಿಸೋಕಾಗ್ಲಿಲ್ಲ.”

ಕೋಣೆಯ ಗೋಡೆಯುದ್ದಕ್ಕೂ ಗಾಜಿನ ಭರಣಿಗಳಿದ್ದವು. ಅವುಗಳ ತುಂಬ ರಬ್ಬರಿನ ಬೂದುಬಣ್ಣದ ಪುಡಿ. ವೃದ್ಧರು ಹೆಮ್ಮೆಯಿಂದ ಬೆರಳು ತೋರಿದರು. “ಅದು ನನ್ನ ಮೊದಲ ಕಾದಂಬರಿ. ಆ ದೊಡ್ಡದು ಮಹಾಕಾವ್ಯ. ನಲವತ್ತು ವರ್ಷ ಸೂತ್ರ ತಪ್ಪಿಲ್ಲ ನಾನು. ನಿನಗೇನಯ್ಯಾ ಕಷ್ಟ?”

“ಯಾರಿಗೂ ಅಳು ಬರ್ಲಿಲ್ಲ.”

“ಅಳು ಯಾಕೋ ಬೇಕು? ಅಳಿಸೋದು ಅಂದ್ರೆ ಒರೆಸೋದು ಕಣೋ, ಮಂಕೇ!” ಎಂದು ಗದರಿದವರು ಥಟ್ಟನೆ ಕಟ್ಟಿನತ್ತ ಬಾಗಿದರು. “ಹಾಗಾದ್ರೆ... ಒಂದು ಪುಟಾನೂ ಒರೆಸ್ಲಿಲ್ವಾ?”

“ಇಲ್ಲ.”

“ಎಲ್ಲಾ ಹಾಗೇ ಇದ್ಯಾ?”

ಪೀಠಿಕೆಯು ಕಟ್ಟನ್ನು ಅವರ ತೊಡೆಯ ಮೇಲಿಟ್ಟನು. ವೃದ್ಧರು ಅದರ ಭಾರವನ್ನು ಕೈಯಿಂದ ತೂಗಿ ನೋಡಿದರು. ಭರಣಿಗಳತ್ತ ತಿರುಗಿದರು. ಹಾಳೆಗಳನ್ನು ಒಂದೊಂದಾಗಿ ಮುಟ್ಟುತ್ತ ಮುಟ್ಟುತ್ತ ಕೊನೆಯ ಪುಟಕ್ಕೆ ಬರುವಷ್ಟರಲ್ಲಿ ಅವರ ಮೂಗಿನ ತುದಿಯಿಂದ ಹನಿಯೊಂದು ಕಳಚಿ, ಹಸಿಶಾಯಿಯ ಕಟ್ಟಕಡೆಯ ಸಾಲಿನ ಮೇಲೆ ಬಿದ್ದಿತು. ಸಾಲು ಕದಡಿ ನೀಲಿಯ ಮಡುವಾಯಿತು. ವಾಗ್ದೇವಿಯ ಲೀಲೆ ದೊಡ್ಡದು: ಒಂದೇ ಹನಿಯಲ್ಲಿ ಎರಡು ಧಾತುಗಳೂ ಸಾರ್ಥಕವಾದವು. ಹೊರಗೆ ಬಿಸಿಲು ಇನ್ನೂ ಇತ್ತು.

ಅವನು ಮನೆಗೆ ಬಂದಾಗ ಬಾಗಿಲಲ್ಲಿ ಕೈಗಾಡಿ ನಿಂತಿತ್ತು. ಭಾವಮೈದನು ಮೇಜಿನ ಒಂದು ತುದಿಯನ್ನು ಎತ್ತಿ ಹಿಡಿದಿದ್ದನು.

“ಮುಗೀತಾ ಭಾವ? ತೆಗೆದ್ಳಾ?”

“ಕೊನೇ ಸಾಲು ಅಳಿಸಿಹೋಯ್ತು ಕಣಯ್ಯಾ.”

“ಅಯ್ಯೋ! ಏನು ಬರ್ದಿದ್ರಿ, ನೆನಪಿಲ್ವಾ?”

“ನೆನಪಿದೆ. ಆದ್ರೆ ಅದು ತಪ್ಪು ಅನ್ಸುತ್ತೆ ಈಗ.”

ಹೆಂಡತಿಯು ಕಿಟಕಿಯಿಂದ ಬಿಸಿಲನ್ನು ನೋಡಿ, “ಇನ್ನೂ ಹೊತ್ತಿದೆ,” ಎಂದು ಕುರ್ಚಿಯನ್ನು ಎಳೆದು ಕೊಟ್ಟಳು.

ಭಾವಮೈದನು ಮೇಜನ್ನು ಸದ್ದಾಗದಂತೆ ಇಳಿಸಿದನು. ಅಲ್ಲಾಡುತ್ತಿದ್ದ ಕಾಲಿನ ಕೆಳಗೆ ತನ್ನ ಟೇಪನ್ನೇ ಒತ್ತಾಗಿ ತೂರಿಸಿದನು.

“ಪೀಠಿಕೆ ಬೇಡ ಭಾವ. ಒಂದೇ ಸಾಲು.”